ಸೊಟ್ಟಗೆ ಮಡಚಿದ ಶೀಟು

ಮಾರ್ಚ್ ೧೪, ಭಾನುವಾರ

ನನ್ನ ಮುದ್ದಿನ ಪುಟ್ಟಿಗೆ,

ಅಮ್ಮನ ಆಶೀರ್ವಾದಗಳು. ನಿನ್ನ ಕಾಗದಕ್ಕೆ ಉತ್ತರ ಬರೆಯಲು ಎರಡು ತಿಂಗಳು ಹಿಡಿಯಿತು. ಮೊದಲು ಮನಸಾರೆ ಬೈದುಬಿಡು, ಆಮೇಲೆ ಓದು. ಗೆದ್ದೆ ಕಣೇ!

ಆಸ್ಪತ್ರೆಯ ಬಟ್ಟೆ ಒಗೆಯುವ ವಿಭಾಗದಲ್ಲಿ ಹದಿನಾಲ್ಕು ತಿಂಗಳು ಕ್ಯಾಮೆರಾ ಹಿಡಿದು ನಿಂತಿದ್ದೆನಲ್ಲ, ಆ ಚಿತ್ರವನ್ನು ನಿನ್ನೆ ಅಲ್ಲಿನವರಿಗೇ ಮೊದಲು ತೋರಿಸಿದೆ. ನನ್ನ ಪದ್ಧತಿ ನಿನಗೆ ಗೊತ್ತು. ಯಾರಿಗೂ ಪ್ರಶ್ನೆ ಹಾಕುವುದಿಲ್ಲ, ಇನ್ನೊಮ್ಮೆ ಮಾಡಿ ಎನ್ನುವುದಿಲ್ಲ. ಚಿತ್ರದಲ್ಲಿರುವವರಲ್ಲಿ ಒಬ್ಬರು ಬೇಡವೆಂದರೂ ಡಬ್ಬಿಗೆ ಹಾಕಿ ಬೀಗ ಜಡಿಯುತ್ತೇನೆ. ಹೋದ ಸಲ ಒಬ್ಬ ಬಸ್ ಡ್ರೈವರನ ಹೆಂಡತಿ ತಲೆ ಅಲ್ಲಾಡಿಸಿದ್ದಕ್ಕೆ ಎರಡು ವರ್ಷದ ಕೆಲಸ ನೀರುಪಾಲಾಯಿತು.

ಯಂತ್ರಗಳ ನಡುವೆಯೇ ಪರದೆ ಕಟ್ಟಿದೆವು. ಜನ ಬಟ್ಟೆ ಮೂಟೆಗಳ ಮೇಲೆ ಕೂತರು. ಇಸ್ತ್ರಿಯವನು ತನ್ನ ಬೋಳುತಲೆಯನ್ನು ಹಿಂದಿನಿಂದ ಮೊದಲ ಸಲ ನೋಡಿ, "ಅಯ್ಯೋ, ಇದ್ಯಾರ್ದಪ್ಪಾ?" ಎಂದ. ನಕ್ಕು ನಕ್ಕು ನಮಗೆಲ್ಲ ಹೊಟ್ಟೆ ಹುಣ್ಣಾಯಿತು.

ದೀಪ ಹಾಕಿದಾಗ ಎಲ್ಲರೂ ಹವಾಲ್ದಾರಮ್ಮನ ಕಡೆ ತಿರುಗಿದರು. ಶೀಟು ಮಡಚುವವರಿಗೆಲ್ಲ ಹಿರಿಯರು. ಗದರುವ ಗತ್ತಿಗೆ ಆ ಹೆಸರು ಬಿದ್ದಿದೆ.

"ಆಗಲ್ಲಮ್ಮ" ಎಂದರು. ನನ್ನ ಜೀವ ಬಾಯಿಗೆ ಬಂತು. "ಮೂವತ್ತು ವರ್ಷದಿಂದ ಮಡಚ್ತಿದೀನಿ. ಆ ಒಂದು ಶೀಟಿನ ಮೂಲೆ ಸೊಟ್ಟಗಿದೆ. ನೋಡಿದವ್ರು ಏನಂತಾರೆ? ಈಗ್ಲೇ ನೆಟ್ಟಗೆ ಮಡಚ್ತೀನಿ, ಮತ್ತೆ ತೆಗಿ."

"ಮತ್ತೆ ತೆಗೆಯೋ ಹಾಗಿಲ್ಲ ಅಕ್ಕ. ನೀವು ಬೇಡ ಅಂದ್ರೆ ಪೂರ್ತಿ ಚಿತ್ರನೇ ಬೇಡ."

"ಎಲ್ಲಿ, ಆ ಜಾಗ ಇನ್ನೊಂದ್ಸಲ ಹಾಕು."

ಹಾಕಿದೆ. ಕಣ್ಣು ಕಿರಿದು ಮಾಡಿ ನೋಡಿದರು. "ಅಯ್ಯೋ ನನ್ನ ಮರೆವಿಗಿಷ್ಟು! ಇದು ಮಗಳು ನರ್ಸಿಂಗ್ ಪಾಸಾದ ದಿನ ಕಣಮ್ಮ. ಆಗ ತಾನೇ ಫೋನ್ ಬಂದಿತ್ತು, ಕೈ ನಡುಗ್ತಿತ್ತು." ಕಣ್ಣೊರೆಸಿಕೊಂಡು ಗದರಿದರು: "ಸೊಟ್ಟಗೇ ಇರ್ಲಿ ಬಿಡು. ಊರಿಗೆಲ್ಲ ತೋರ್ಸು!"

ಶಿಳ್ಳೆಯೇನು, ಚಪ್ಪಾಳೆಯೇನು! ಯಾರೋ ಸೋಪಿನ ಖಾಲಿ ಡ್ರಮ್ಮು ಬಾರಿಸಿದರು. ಈ ವಯಸ್ಸಿನಲ್ಲಿ ನಾನೂ ಕುಣಿದೆ, ಮಂಡಿ ಇನ್ನೂ ನೋಯುತ್ತಿದೆ. ಬರುವ ತಿಂಗಳು ದೊಡ್ಡ ಚಿತ್ರಮಂದಿರದಲ್ಲಿ ಪ್ರದರ್ಶನ, ಮೊದಲ ಸಾಲು ಅವರದೇ. ನನ್ನ ಹಳೆಯ ಚಿತ್ರಗಳನ್ನೂ ಅದೇ ವಾರ ತೋರಿಸುತ್ತಾರಂತೆ.

ಹೊತ್ತಿಗೆ ಸರಿಯಾಗಿ ಊಟ ಮಾಡು. ನಗುನಗುತ್ತ ನೂರು ಕಾಲ ಬಾಳು.

ನಿನ್ನ
ಅಮ್ಮ

ವಿ.ಸೂ.: ನನಗೆ ಹೆಸರು ತಂದ ಮೊದಲ ಚಿತ್ರವನ್ನೂ ಕೇಳಿದ್ದಾರೆ. ನಿನ್ನಪ್ಪ ಪೆಟ್ಟಿಗೆ ಹಿಡಿದು ಮನೆ ಬಿಟ್ಟ ಬೆಳಿಗ್ಗೆ ಅದರಲ್ಲಿದೆ. ನಿನಗಾಗ ಐದು ವರ್ಷ. ಬಾಗಿಲ ಬಳಿ ಅಳುತ್ತಾ "ಅಮ್ಮಾ, ಎತ್ಕೋ" ಎಂದು ಎರಡು ಸಲ ಕೇಳುತ್ತೀಯ. ನಾನು ಕ್ಯಾಮೆರಾ ಕೆಳಗಿಡಲಿಲ್ಲ. ಲೋಕಕ್ಕೆಲ್ಲ ತೋರಿಸುವ ಮುಂಚೆ ನಿನ್ನನ್ನು ಒಂದು ಮಾತು ಕೇಳಲೂ ಇಲ್ಲ. ಇಪ್ಪತ್ತೆರಡು ವರ್ಷ ತಡವಾಗಿ ಈಗ ಕೇಳುತ್ತಿದ್ದೇನೆ, ಪುಟ್ಟೀ. ತೋರಿಸಲಾ? ಬೇಡವೆಂದರೆ ಬೇಡ, ಕಾರಣ ಕೇಳುವುದಿಲ್ಲ.