ಒಂದೊಂದೇ ಮೊಳೆ

ರಾಯಬಾಗ
೧೪ ಜುಲೈ ೨೦೨೪

ಪ್ರಿಯ ಉತ್ತಮ,

ಜಯ ಜಿನೇಂದ್ರ. ನಿಪ್ಪಾಣಿಯಿಂದ ಹಿಂದಿರುಗಿದ ವಾರದಲ್ಲಿಯೇ ಬರೆಯುತ್ತೇನೆಂದು ಹೇಳಿ ಬಂದವನು ತಿಂಗಳು ಸಮೀಪಿಸಿದ ಮೇಲೆ ಕುಳಿತಿದ್ದೇನೆ. ಕಬ್ಬು ನುರಿಸುವ ಹಂಗಾಮು ಮುಗಿದರೆ ಸಕ್ಕರೆ ಕಾರ್ಖಾನೆಯವರಿಗೆ ಬಿಡುವೆಂದು ಹೊರಗಿನವರು ತಿಳಿಯುತ್ತಾರೆ. ಬಾಯ್ಲರಿನ ಪ್ರತಿಯೊಂದು ಮಾಪಕವನ್ನೂ ಬಿಚ್ಚಿ, ತೊಳೆದು, ಸರಿಹೊಂದಿಸಿ ಮತ್ತೆ ಕೂಡಿಸುವ ಕಾಲ ಇದೇ. ಸಂಜೆ ಮನೆಗೆ ಬಂದಾಗ ಅಕ್ಷರಗಳು ಎರಡೆರಡಾಗಿ ಕಾಣುತ್ತವೆ. ಕ್ಷಮಿಸು.

ಫೋನು ಬಿಟ್ಟು ಕಾಗದವೇಕೆ ಎಂದು ನೀನು ಕೇಳಬಹುದು. ಆ ದಿನ ಬಾಗಿಲವರೆಗೆ ಕಳುಹಿಸಲು ಬಂದ ಸರಿತಾ ವಹಿನಿ ಹೇಳಿದರು: "ಭಾವೂಜಿ, ಫೋನ್ ಮಾಡಬ್ಯಾಡ್ರಿ, ಅವ್ರು ಎತ್ತೂದಿಲ್ಲ. ಮಾತು ತೊದಲತೈತಿ ಅಂತ ನಾಚಿಕಿ. ಹೆಂಡ್ತಿ ಮುಂದ ಇಲ್ಲದ ನಾಚಿಕಿ ದೋಸ್ತನ ಮುಂದ ಬಂದೈತಿ ನೋಡ್ರಿ. ಕಾಗದ ಬರೀರಿ, ಓದತಾರ." ಅವರು ಹೇಳಿದ್ದನ್ನು ನಿನಗೆ ತಿಳಿಸಬಾರದಿತ್ತೇನೋ. ತಿಳಿಸಿದ್ದೇನೆ.

ಈಗ ವಿಷಯ. ನಿನಗೆ ಲಕ್ವ ಹೊಡೆಯುವ ಮುನ್ನ ನಮ್ಮ ಕಂಪ್ಯೂಟರ್ ಆಟದಲ್ಲಿ ನಿನ್ನ ಕಮ್ಮಾರ ಅರವತ್ತನೆಯ ಹಂತ ತಲುಪಿದ್ದ. ಲಾಕ್‌ಡೌನಿನಲ್ಲಿ ನಿನ್ನ ವರ್ಕ್‌ಶಾಪಿಗೂ ಬೀಗ ಬಿದ್ದು, ನನ್ನ ದಾರಿಗೂ ಪೊಲೀಸರು ಅಡ್ಡ ನಿಂತಾಗ ನಿನ್ನ ಮಗಳು ಕೋಮಲ ಕಂಪ್ಯೂಟರಿನಲ್ಲಿ ಹಾಕಿಕೊಟ್ಟ ಆಟ ಅದು. ನೀನು ನಿಪ್ಪಾಣಿಯಲ್ಲಿ, ನಾನು ರಾಯಬಾಗದಲ್ಲಿ. ಇಬ್ಬರೂ ಎಲ್ಲಿಯೂ ಇಲ್ಲದ ಒಂದು ರಾಜ್ಯದ ಪ್ರಜೆಗಳಾದೆವು. ನಾನು ಗಣಿ ಅಗೆಯುವವನು, ನೀನು ನನ್ನ ಅದಿರಿನಿಂದ ಸಾಮಾನು ಮಾಡುವವನು. ಸಾವಿರಾರು ಜನ ಅಲ್ಲಿ ರಾಕ್ಷಸರ ಮೇಲೆ ಯುದ್ಧಕ್ಕೆ ಹೋಗುತ್ತಾರೆ. ನಾನು ಜೈನನೆಂದು ನನ್ನ ಗಣಿಗಾರ ಇದುವರೆಗೆ ಒಂದು ಇಲಿಯನ್ನೂ ಕೊಂದಿಲ್ಲ. ನನ್ನ ಸಂಗಡ ನೀನೂ ಕೊಂದಿಲ್ಲ.

ನೀನು ಇಲ್ಲದೆ ಕುಲುಮೆ ಖಾಲಿ ಇದೆ. ಆದ್ದರಿಂದ, ನಿನ್ನ ಕೈಗೆ ಆದಷ್ಟು ಕಡಿಮೆ ಶ್ರಮವಾಗುವಂತೆ ಉಕ್ಕಿನ ಕವಚ ಮಾಡಲು ಬೇಕಾದ ಎಪ್ಪತ್ತೈದನೆಯ ಹಂತಕ್ಕೆ ಹೋಗುವ ದಾರಿಯೊಂದನ್ನು ರೂಪಿಸಿದ್ದೇನೆ. ಕಂಪ್ಯೂಟರಿನ ಪಕ್ಕದ ಗೋಡೆಗೆ ಅಂಟಿಸಿಕೋ.

ಕತ್ತಿ ಮಾಡಬೇಡ. ಎಲ್ಲರೂ ಅದನ್ನೇ ಮಾಡಿ ಕಬ್ಬಿಣ ಕಳೆಯುತ್ತಾರೆ. ಒಂದು ಕತ್ತಿಗೆ ಹೋಗುವ ಲೋಹದ ಗಟ್ಟಿಗಳಲ್ಲಿ ಎರಡು ಶಿರಸ್ತ್ರಾಣಗಳಾಗುತ್ತವೆ, ಒಂದೊಂದಕ್ಕೂ ಕತ್ತಿಯಷ್ಟೇ ಅನುಭವದ ಅಂಕ ಸೇರುತ್ತದೆ. ವಸ್ತುವಿನ ಹೆಸರು ಹಸಿರಿನಿಂದ ಬೂದು ಬಣ್ಣಕ್ಕೆ ತಿರುಗಿದರೆ ಅದರಿಂದ ಕಲಿಯುವುದು ಮುಗಿಯಿತೆಂದು ಅರ್ಥ. ಹಸಿರು ಇರುವಾಗಲೇ ಮುಂದಿನದಕ್ಕೆ ಹೋಗು. ಆಟದ ರಾಜಧಾನಿಯಲ್ಲಿ ಕುಲುಮೆ ಒಂದು ತುದಿ, ಉಗ್ರಾಣ ಇನ್ನೊಂದು ತುದಿ. ನಾವು ಅಥಣಿ ಎಂದು ಕರೆಯುವ ಆ ಚಪ್ಪಲಿ ಹೊಲಿಯುವವರ ಊರಿನಲ್ಲಿ ಎರಡೂ ಎದುರುಬದುರಾಗಿವೆ, ಅಲ್ಲಿಯೇ ನಿಲ್ಲು. ಅದಿರನ್ನು ನಾನು ತುಂಬಿಸಿಡುತ್ತೇನೆ. ಎಲ್ಲಕ್ಕಿಂತ ಮುಖ್ಯವಾದದ್ದು 'ಎಲ್ಲ ಮಾಡು' ಎಂಬ ಗುಂಡಿ. ಒಮ್ಮೆ ಒತ್ತಿದರೆ ಇದ್ದ ಗಟ್ಟಿಗಳೆಲ್ಲ ತಾವಾಗಿಯೇ ಶಿರಸ್ತ್ರಾಣಗಳಾಗುತ್ತವೆ. ನೀನು ಕೈಯನ್ನು ತೊಡೆಯ ಮೇಲಿಟ್ಟುಕೊಂಡು ಸುಮ್ಮನೆ ಕೂಡಬಹುದು. ಈ ಲೆಕ್ಕದಲ್ಲಿ ದೀಪಾವಳಿಗೆ ಉಕ್ಕಿನ ಕವಚ.

ಕಾಂಚನ ನನ್ನ ಹಿಂದೆ ನಿಂತು ಇಷ್ಟನ್ನೂ ಓದಿದಳು. "ಲಕ್ವಾ ಹೊಡದವರಿಗೆ ಮಂದಿ ಔಷಧದ ಹೆಸರು ಬರದು ಕಳಸ್ತಾರ, ನೀವು ಟೊಪಗಿ ಮಾಡೂದು ಬರದೀರಿ," ಎಂದಳು. ಔಷಧದ ವಿಷಯ ನನಗೆ ತಿಳಿಯದು.

ವಹಿನಿಗೆ ನಮಸ್ಕಾರ, ಕೋಮಲಳಿಗೆ ಆಶೀರ್ವಾದ.

ನಿನ್ನ
ಬಾಹುಬಲಿ


ರಾಯಬಾಗ
೮ ಸೆಪ್ಟೆಂಬರ್ ೨೦೨೪

ಪ್ರಿಯ ಉತ್ತಮ,

ಜಯ ಜಿನೇಂದ್ರ. ಇಂದಿನಿಂದ ನಮ್ಮ ದಶಲಕ್ಷಣ ಪರ್ವ. ಕಾಂಚನ ಉಪವಾಸ ಹಿಡಿದಿದ್ದಾಳೆ, ನಾನು ಒಪ್ಪೊತ್ತು. ಮನೆ ಎಂದಿಗಿಂತ ನಿಶ್ಶಬ್ದವಾಗಿದೆ. ಹೋದ ವಾರವೇ ಬರೆಯಬೇಕಾಗಿದ್ದ ಈ ಕಾಗದವನ್ನು ಮೂರು ಸಲ ಆರಂಭಿಸಿ ಬಿಟ್ಟೆ. ಕಾರಣವೆಂದರೆ, ನನ್ನ ಹಿಂದಿನ ಯೋಜನೆ ಪೂರ್ಣ ತಪ್ಪು ಎಂದು ನಿರ್ಣಯವಾಗಿದೆ.

ನಿರ್ಣಯ ಕೊಟ್ಟವಳು ಮೇಘಾ. ಚಿಕ್ಕೋಡಿಯಲ್ಲಿ ನಿನ್ನ ಕೈಗೆ ವ್ಯಾಯಾಮ ಮಾಡಿಸುವ ಹುಡುಗಿ, ನನ್ನ ಸಂಖ್ಯೆಯನ್ನು ವಹಿನಿಯಿಂದ ಪಡೆದು ಫೋನ್ ಮಾಡಿದ್ದಳು.

"ಬಾಹುಬಲಿ ಕಾಕಾ ಅಂದ್ರ ನೀವ ಏನ್ರಿ?"

ಹೌದೆಂದೆ.

"ನೀವು ಬರದ ಕಾಗದಾ ಸರಿತಾ ಕಾಕು ಫೋಟೋ ತಗದ ಕಳಿಸ್ಯಾರ್ರಿ. ಭಾಳ ಚಲೋ ಪ್ಲ್ಯಾನ್ ಐತ್ರಿ, ನಮ್ಮ ಕಾಲೇಜಿನಾಗೂ ಇಷ್ಟ ಚಂದ ಬರದು ಕೊಟ್ಟಿದ್ದಿಲ್ಲ. ಆದ್ರ ಇದರಾಗ ಉತ್ತಮ ಕಾಕಾಗ ಕೆಲಸಾನ ಇಲ್ಲಲ್ರಿ! ಒಂದ ಸಲ ಒತ್ತೂದು, ಕೈ ಮಡಚಿ ಕೂಡೂದು. ಹಂಗಿದ್ರ ನಾ ಯಾಕ್ ಬೇಕ್ರಿ?"

ಎಷ್ಟು ಸಲ ಒತ್ತಬೇಕೆಂದು ಕೇಳಿದೆ.

"ಅದಕ್ಕ ಲೆಕ್ಕ ಇಲ್ರಿ ಕಾಕಾ. ಬಲಗೈ ತೋರಬೆರಳು. ಒತ್ತೂದು, ಬಿಡೂದು, ಮತ್ತ ಒತ್ತೂದು. ಮೆದುಳು ಮರತೈತ್ರಿ, ಅದಕ್ಕ ಮೊದಲಿಂದ ಕಲಸಬೇಕು. ನಿಮ್ಮ ಪ್ಲ್ಯಾನ್ ಬೇಗ ಮುಗಿಸೂ ಪ್ಲ್ಯಾನ್. ನನಗ ಮುಗೀಲಾರದ ಪ್ಲ್ಯಾನ್ ಬೇಕು. ಅಂಥಾದ್ದೊಂದ ಬರೀರಿ ನೋಡೋಣು."

ಪಾಲಿಟೆಕ್ನಿಕ್ಕಿನಲ್ಲಿ ನೀನೂ ನಾನೂ ಒಂದೇ ಬೆಂಚಿನಲ್ಲಿ ಕುಳಿತು ಕಲಿತದ್ದು ಏನು? ಕಡಿಮೆ ಇಂಧನದಲ್ಲಿ ಹೆಚ್ಚು ಉಗಿ. ಇಷ್ಟು ವರ್ಷ ಅದರಿಂದಲೇ ಅನ್ನ ಉಂಡಿದ್ದೇನೆ. ಹೆಚ್ಚು ಶ್ರಮ ಹಾಕಿ ಕಡಿಮೆ ಫಲ ಪಡೆಯುವ ಮಾರ್ಗವನ್ನು ಯಾರೂ ನನ್ನಿಂದ ಕೇಳಿರಲಿಲ್ಲ. ಅದನ್ನು ಕಂಡುಹಿಡಿಯುವುದು ಸುಲಭವೂ ಅಲ್ಲ. ಕೈ ಅಭ್ಯಾಸಬಲದಿಂದ ಹತ್ತಿರದ ದಾರಿಗೇ ಎಳೆಯುತ್ತದೆ. ಆಟದ ವಸ್ತುಗಳನ್ನೆಲ್ಲ ತಲೆಕೆಳಗಾಗಿ ಜೋಡಿಸಿದೆ. ಮೊದಲು ನಿಂತಿದ್ದ ಕವಚ ಕೊನೆಗೆ ಹೋಯಿತು, ಎಲ್ಲರೂ ಬಿಟ್ಟುಬಿಡುವ ಉಕ್ಕಿನ ಮೊಳೆ ಮೇಲೆ ಬಂದಿತು. ಅದರಿಂದ ಸಿಗುವ ಅನುಭವ ಅತ್ಯಲ್ಪ, ಆದರೆ ನಿನ್ನ ಹಂತದವನಿಗೂ ಅದು ಬೂದು ಬಣ್ಣಕ್ಕೆ ತಿರುಗುವುದಿಲ್ಲ. ಒಂದು ಗಟ್ಟಿಯಿಂದ ಬಹಳ ಮೊಳೆಗಳು, ಒಂದೊಂದು ಮೊಳೆಗೆ ಒಂದೊಂದು ಒತ್ತು.

ಆದ್ದರಿಂದ ಇನ್ನು ಮೇಲೆ ಮೊಳೆ. ಬಲಗೈ ಮಾತ್ರ. 'ಎಲ್ಲ ಮಾಡು' ನಿಷಿದ್ಧ. ಕವಚ ಈ ದೀಪಾವಳಿಗೆ ಆಗದು, ಬರುವ ದೀಪಾವಳಿಗೂ ಆಗದಿರಬಹುದು. ತಡವಾದಷ್ಟೂ ಒಳ್ಳೆಯದೆಂದು ಇದೇ ಮೊದಲ ಸಲ ಬರೆಯುತ್ತಿದ್ದೇನೆ. ನಿನ್ನ ಬಲಗೈ ಮತ್ತೆ ವರ್ಕ್‌ಶಾಪಿನ ಲೇಥ್ ಯಂತ್ರದ ಹಿಡಿಕೆ ಹಿಡಿಯಬೇಕು. ನನಗೆ ಬೇಕಾದ ಹಂತ ಅದೊಂದೇ. ಕಳೆದ ವಾರ ನಮ್ಮೂರು ಬೋರಗಾಂವಕ್ಕೆ ಹೋದಾಗ ಮಗ್ಗದ ಲಗಮಣ್ಣ ತಡೆದು ನಿಲ್ಲಿಸಿದ: "ಉತ್ತಮಣ್ಣನ ಶಟರ್ ಯಾವಾಗ ತಗಿತೈತ್ರಿ? ಬ್ಯಾರೇ ಕಡೆ ಮಾಡಿಸಿದ ಗೇರು ಒಂದೂ ಕೂಡವಲ್ದು. ಮಗ್ಗ ಮುದುಕ ಕೆಮ್ಮಿದಂಗ ಕೆಮ್ಮತೈತಿ." ಬೇಗನೆ ಎಂದು ಹೇಳಿದ್ದೇನೆ.

ನಿನ್ನೆ ಆಟದಲ್ಲಿ ನೀನು ಕಳಿಸಿದ ಸಾಲು ತಲುಪಿತು. ಎಡಗೈಯಿಂದ ಒಂದೊಂದೇ ಅಕ್ಷರ ಹುಡುಕಿ ಒತ್ತಿರಬೇಕು, ಬಹಳ ಹೊತ್ತು ಪರದೆಯ ಮುಂದೆ ಕಾದಿದ್ದೆ. "ನೀ ಜಳಕಾ ಮಾಡಾಕೂ ನಕ್ಷೆ ತಗದಿ ಮಗನ. ಭೂಮಿ ಅಗದು ಅಗದು ಎಷ್ಟ ಹುಳಾ ಕೊಂದಿ, ನಿಮ್ಮ ಬಸದಿಗೆ ಬಂದು ಹೇಳ್ತೇನಿ." ನಾನು ಜೋರಾಗಿ ನಕ್ಕೆನಂತೆ, ಕಾಂಚನ ಅಡುಗೆಮನೆಯಿಂದ ಬಂದು ನೋಡಿ ಹೋದಳು. ಆ ಗಣಿಯಲ್ಲಿ ಹುಳುಗಳಿಲ್ಲ. ನಾನು ಮೊದಲೇ ಪರೀಕ್ಷಿಸಿದ್ದೇನೆ.

ತಿಳಿದೋ ತಿಳಿಯದೆಯೋ ನಿನ್ನ ಮನಸ್ಸಿಗೆ ನೋವು ಮಾಡಿದ್ದರೆ ಕ್ಷಮೆಯಿರಲಿ. ಪರ್ವದ ಕೊನೆಗೆ ಕೇಳಬೇಕಾದದ್ದನ್ನು ಮೊದಲೇ ಕೇಳಿಬಿಡುತ್ತೇನೆ, ಆಗ ಬರೆಯಲು ಸಮಯ ಸಿಗದೆ ಹೋದೀತು.

ನಿನ್ನ
ಬಾಹುಬಲಿ


ರಾಯಬಾಗ
೨೪ ನವೆಂಬರ್ ೨೦೨೪

ಪ್ರಿಯ ಉತ್ತಮ,

ಜಯ ಜಿನೇಂದ್ರ. ಈ ಸಲದ ವಿಳಂಬಕ್ಕೆ ಕ್ಷಮೆ ಕೇಳುವ ಶಕ್ತಿಯೂ ಉಳಿದಿಲ್ಲ. ಹಂಗಾಮು ಶುರುವಾಗಿದೆ. ಕಬ್ಬಿನ ಟ್ರ್ಯಾಕ್ಟರುಗಳ ಸಾಲು ಗೇಟಿನಿಂದ ಚಿಂಚಲಿಯ ರಸ್ತೆಗೆ ಹೊರಳಿದೆ. ಒಮ್ಮೆ ನುರಿಸುವುದು ಆರಂಭವಾಯಿತೆಂದರೆ ನಿಲ್ಲಿಸುವಂತಿಲ್ಲವೆಂಬುದು ನಿನಗೆ ಗೊತ್ತು. ಬಾಯ್ಲರ್ ಮನೆಯ ಭರಮು ಮೊನ್ನೆ ಕೇಳಿದ: "ಸಾಹೇಬ್ರ, ಮಷಿನಿಗೆ ವರ್ಷಕ್ಕೊಮ್ಮಿ ಬಿಚ್ಚಿ ತೊಳದು ಎಣ್ಣಿ ಹಾಕತೇವಿ. ನಮಗ ಯಾವಾಗ್ರಿ?" ಪಾಳಿ ಮುಗಿಯಲಿ ಎಂದೆ. "ಯಾವ ಪಾಳಿರಿ?" ಎಂದು ನಕ್ಕ.

ನಮ್ಮ ಆಟದ ಅಥಣಿಯ ಉಗ್ರಾಣ ಮೊಳೆಗಳಿಂದ ತುಂಬುತ್ತಿದೆ. ಕೊಳ್ಳುವವರಿಲ್ಲ. ಒಬ್ಬ ಹೊಸ ಆಟಗಾರ ಬಂದು, ಇಷ್ಟು ಮೊಳೆ ಯಾವ ಅರಮನೆಗೆ ಎಂದು ಕೇಳಿದ. ಉತ್ತರ ಉದ್ದವಾಗುತ್ತದೆಂದು ಬಿಟ್ಟೆ. ಸೆಪ್ಟೆಂಬರಿನಲ್ಲಿ ದಿನಕ್ಕೆ ಹಿಡಿಯಷ್ಟು ಮೊಳೆಗಳು ಬರುತ್ತಿದ್ದವು, ನಡುನಡುವೆ ದೀರ್ಘ ವಿರಾಮಗಳಿದ್ದವು. ದಸರೆಗೆ ಮುಂಚೆ ಕೆಲ ದಿನ ಏನೂ ಬರಲಿಲ್ಲ. ಆಮೇಲೆ ಒಮ್ಮೆಲೇ ಏರಿತು, ಈಗಲೂ ಏರುತ್ತಿದೆ. ಅದರ ಗೆರೆಯನ್ನು ಎಳೆದು ನನ್ನ ಮೇಜಿನ ಗಾಜಿನ ಕೆಳಗೆ ಇಟ್ಟಿದ್ದೇನೆ. ಯಾವ ಮಾಪಕದ ಗೆರೆ ಇದು ಎಂದು ಕೇಳಿದವರಿಗೆ, ಗೆಳೆಯನ ಬಲಗೈಯದು ಎಂದು ಹೇಳಿದ್ದೇನೆ.

ಹತ್ತು ದಿನದ ಹಿಂದೆ ಕಾಂಚನ ಕೇಳಿದಳು, "ಉತ್ತಮಣ್ಣನ ಕೈ ಹೆಂಗೈತ್ರಿ?" ಮೊಳೆಗಳ ಪ್ರಮಾಣ ನೋಡಿದರೆ ಸುಧಾರಿಸುತ್ತಿರಬೇಕು ಎಂದೆ.

"ಮೊಳಿ ನೋಡಿ ಹೇಳತೀರಿ. ಮನಷ್ಯಾನ್ನ ನೋಡಿ ಬರ್ರಿ."

"ಹಂಗಾಮು," ಎಂದೆ.

"ಹಂಗಾಮಿನಾಗ ಯಾರೂ ಯಾರ್ನೂ ನೋಡಬಾರದಂತ ನಿಮ್ಮ ಕಾರ್ಖಾನಿಯಾಗ ಬೋರ್ಡ್ ಹಾಕ್ಯಾರೇನು?"

ಮುಂದಿನ ಯೋಜನೆಯೂ ಸಿದ್ಧವಾಗಿದೆ. ಮೊಳೆಯ ನಂತರ ಬಾಗಿಲ ಕೀಲು. ಅದಕ್ಕೆ ಎರಡು ಬೆರಳು ಸರದಿಯಂತೆ ಒತ್ತಬೇಕು. ಅದನ್ನು ಈ ಲಕೋಟೆಯಲ್ಲಿ ಇಡಬೇಕೆಂದಿದ್ದೆ, ಇಟ್ಟಿಲ್ಲ.

ವಹಿನಿಗೆ ನನ್ನ ನಮಸ್ಕಾರಗಳು. ಕೋಮಲಳ ಪರೀಕ್ಷೆಗಳು ಚೆನ್ನಾಗಿ ಆಗಲಿ, ಓದುವಾಗ ಬೆನ್ನು ನೆಟ್ಟಗಿಟ್ಟು ಕೂಡಲಿ. ನಿನಗೆ ಬೇಗ ಗುಣವಾಗಲಿ ಎಂದು ಎಲ್ಲರೂ ಬರೆದಿರುತ್ತಾರೆ. ನಿಧಾನವಾಗಿಯಾದರೂ ಆಗಲಿ ಎಂದು ನಾನು ಬೇಡಿಕೊಳ್ಳುತ್ತೇನೆ.

ನಿನ್ನ
ಬಾಹುಬಲಿ

ತಾ.ಕ.: ಕಳೆದ ಗುರುವಾರ ಕಾರ್ಖಾನೆಯ ಪಂಪಿಗೆ ಬೇರಿಂಗ್ ತರಲು ನಿಪ್ಪಾಣಿಗೆ ಬಂದಿದ್ದೆ. ಕೆಲಸ ಬೇಗ ಮುಗಿಯಿತು. ನಿನ್ನನ್ನು ನೋಡಿ ಹೋಗೋಣವೆಂದು ನಿಮ್ಮ ಓಣಿಯ ಕಡೆ ನಡೆಯುತ್ತ ಮೊಬೈಲಿನಲ್ಲಿ ಆಟವನ್ನು ತೆರೆದೆ. ನಿನ್ನ ಕಮ್ಮಾರ ಕುಲುಮೆಯ ಮುಂದೆ ನಿಂತು ಮೊಳೆ ಮಾಡುತ್ತಿದ್ದ. ನೀನು ಮನೆಯಲ್ಲಿದ್ದೀ ಎಂದು ಸಂತೋಷಪಟ್ಟು ತಲೆ ಎತ್ತಿದೆ. ರಸ್ತೆಯ ಆಚೆ, ವರ್ಕ್‌ಶಾಪಿನ ಮುಚ್ಚಿದ ಶಟರಿಗೆ ಬೆನ್ನು ಕೊಟ್ಟು ನೀನು ಕುಳಿತಿದ್ದೆ. ಬಲಗೈ ಶಾಲಿನ ಒಳಗಿತ್ತು. ನನ್ನ ಕೈಯಲ್ಲಿನ ಪರದೆಯಲ್ಲಿ ಮತ್ತೊಂದು ಮೊಳೆಯಾಯಿತು. ಅದರ ಹಿಂದೆ ಇನ್ನೊಂದು.

ಆ ಹೊತ್ತಿಗೆ ಕೋಮಲ ಕಾಲೇಜಿನಲ್ಲಿರುತ್ತಾಳೆ. ಮನೆಯಲ್ಲಿರುವವರು ವಹಿನಿ ಒಬ್ಬರೇ. ಅವರು ಒಂದೊಂದಾಗಿಯೇ ಒತ್ತುತ್ತಿದ್ದರು, ನಾನು ಬರೆದುಕೊಟ್ಟ ಹಾಗೆ. ನಿನಗೆ ತಿಳಿದು ಮಾಡುತ್ತಿದ್ದಾರೋ ತಿಳಿಯದೆಯೋ ನಾನರಿಯೆ. ದಯವಿಟ್ಟು ಅವರನ್ನು ಏನೂ ಅನ್ನಬೇಡ.

ಕೈ ಬರುವುದಿಲ್ಲವೆಂದು ಡಾಕ್ಟರು ಹೇಳಿದರೇ? ಅಥವಾ ನೀನೇ ಸಾಕೆಂದೆಯಾ? ಯಾವುದಾದರೂ ಸರಿ, ನನಗೆ ಹೇಳು. ಸಂಜೆ ಕಾರ್ಖಾನೆಯಿಂದ ಬಂದು, ಇಂದು ಎಷ್ಟು ಮೊಳೆ ಎಂದು ನೋಡಿದ ಮೇಲೆಯೇ ನಾನು ಊಟಕ್ಕೆ ಕೂಡುತ್ತಿದ್ದೆ. ಈಗ ಏನನ್ನು ನೋಡಬೇಕೋ ತಿಳಿಯುತ್ತಿಲ್ಲ.

ಆ ದಿನ ನಿನ್ನನ್ನು ಕೂಗಲಿಲ್ಲ. ಚಿಕ್ಕೋಡಿಯ ಬಸ್ಸು ಬಂದಿತು, ಹತ್ತಿದೆ. ಬರುವ ಭಾನುವಾರ ರಜೆ ಕೇಳಿದ್ದೇನೆ, ಕೊಡದಿದ್ದರೂ ಬರುತ್ತೇನೆ. ನೀನು ಅಲ್ಲಿಯೇ ಕುಳಿತಿರು. ರಸ್ತೆ ದಾಟಿ ಬರುತ್ತೇನೆ.