ಸಾಕ್ಷಿಕಟ್ಟೆಯಲ್ಲಿ ಆಡಬಾರದ ಒಂದು ಮಾತು

ಫೆಬ್ರವರಿ ೩೦, ೨೨೧೯

ನೀಲಗಂಗವ್ವಜ್ಜಿಗೆ, ನಿನ್ನ ಎಂಟನೇ ತಲೆಮಾರಿನ ದಾನವ್ವ ಮಾಡುವ ನಮಸ್ಕಾರಗಳು.

ತಾರೀಖು ತಪ್ಪಿಲ್ಲ. ಕೋರ್ಟುಗಳ ಬಾಕಿ ಕೆಲಸ ಮುಗಿಯಲೆಂದು ನಮ್ಮ ಕಾಲದವರು ಫೆಬ್ರವರಿಗೆ ಎರಡು ದಿನ ಸೇರಿಸಿದ್ದಾರೆ; ಕೆಲಸವೇನೂ ಮುಗಿದಿಲ್ಲ. ನನ್ನ ಮಾತುಗಳು ವಿಚಿತ್ರವೆನಿಸಿದರೆ ಕ್ಷಮಿಸು. ನಿನಗೀಗ ಮೂವತ್ತನಾಲ್ಕು, ಅಜ್ಜಿ ಎಂದು ಕರೆಯುವ ನನಗೆ ಐವತ್ತೊಂದು. ಪತ್ರದ ಮೊದಲಿಗೆ 'ನಾವೆಲ್ಲ ಕ್ಷೇಮ' ಎಂದು ಬರೆಯುವುದು ನಿಮ್ಮ ರೂಢಿ. ನಾನು ಬರೆಯುವುದಿಲ್ಲ. ಏಕೆಂದು ಮುಂದೆ ನಿನಗೇ ತಿಳಿಯುತ್ತದೆ.

ನನ್ನ ಮಗಳು ಕಸ್ತೂರಿಗೆ ಹತ್ತೊಂಬತ್ತು. ಹೋದ ವರ್ಷ ರಸ್ತೆ ದಾಟುವಾಗ ತಾನೋಡಿಯೊಂದು ಅವಳ ಸೊಂಟದ ಮೇಲೆ ಹಾಯಿತು. ತಾನೋಡಿ ಎಂದರೆ ಚಾಲಕನಿಲ್ಲದೆ ಓಡುವ ಗಾಡಿ. ಬೈಯಲು ಒಬ್ಬ ಮನುಷ್ಯನೂ ಅದರಲ್ಲಿ ಇರುವುದಿಲ್ಲ. ನಮ್ಮಲ್ಲಿ ಅಪಘಾತದ ಪರಿಹಾರವೆಂದರೆ ಹಣವಲ್ಲ, ಚಿಕಿತ್ಸೆ. ಎಲುಬುಕಸಿ ಮಾಡಿದರೆ, ಅಂದರೆ ಹೊಸ ಎಲುಬನ್ನು ಮೈಯೊಳಗೇ ಬೆಳೆಸಿದರೆ, ಅವಳು ಮೊದಲಿನಂತೆ ನಡೆಯುತ್ತಾಳೆ. ಆದರೆ ಕೋರ್ಟು ಕೊಡಿ ಎಂದರೆ ಮಾತ್ರ ಆಸ್ಪತ್ರೆ ಕೊಡುತ್ತದೆ. ಅದಕ್ಕೆ ಮೊದಲು ಮನೆತನದ 'ನೋವಳತೆ' ತೆಗೆಯುತ್ತಾರೆ. ಈ ವಂಶದವರು ಹಿಂದೆ ಪೆಟ್ಟು ತಿಂದಾಗ ಸಾಕ್ಷಿಕಟ್ಟೆಯಲ್ಲಿ ಏನು ಹೇಳಿದ್ದರು ಎಂದು ಹಳೆಯ ಕಡತಗಳನ್ನು ಹುಡುಕುತ್ತಾರೆ. ನಮ್ಮ ಮನೆತನದಲ್ಲಿ ಸಿಕ್ಕಿದ್ದು ನಿನ್ನದೊಂದೇ ಕಡತ.

ಅದನ್ನು ಬಾಯಿಪಾಠವಾಗುವಷ್ಟು ಸಲ ಓದಿದ್ದೇನೆ. ಖಾನಾವಳಿಗೆ ರೊಟ್ಟಿ ಬಡಿದುಕೊಟ್ಟು ಬದುಕುತ್ತಿದ್ದವಳು ನೀನು. ಬುಟ್ಟಿ ಹೊತ್ತು ಹೋಗುವಾಗ ಟೆಂಪೊ ಬಡಿದು ಸೊಂಟ ಮುರಿಯಿತು. ಈಗ ಕಾಲು ಮಡಚಿ ಒಲೆಯ ಮುಂದೆ ಕೂರಲಾರೆ. ಬರುವ ಸೋಮವಾರ ನಿನ್ನ ಸಾಕ್ಷಿ ಇದೆ. ಹೇಳಬೇಕಾದುದನ್ನೆಲ್ಲ ನಿನ್ನ ವಕೀಲರು ಹೇಳಿಕೊಟ್ಟಿರುತ್ತಾರೆ. ಆದರೆ ನೀನು ಕಟ್ಟೆ ಹತ್ತಿದ ಕೂಡಲೇ ನ್ಯಾಯಾಧೀಶರು ತಲೆಯೆತ್ತಿ, "ಆರಾಮ ಅದೀರೇನವ್ವಾ?" ಎಂದು ಕೇಳುತ್ತಾರೆ. ಒಳ್ಳೆಯ ಮನುಷ್ಯ, ಪ್ರೀತಿಯಿಂದಲೇ ಕೇಳುತ್ತಾರೆ. ನೀನು ಸೆರಗು ಸರಿಮಾಡಿಕೊಂಡು, "ಆರಾಮ ಅದೀನ್ರಿ ಸಾಹೇಬ್ರ, ನಿಮ್ಮ ಆಶೀರ್ವಾದ" ಎನ್ನುತ್ತೀ. ಸೊಂಟ ಹಿಂಡುತ್ತಿರುತ್ತದೆ, ಆದರೂ ದೊಡ್ಡವರು ಕೇಳಿದಾಗ ಬೇರೇನು ಹೇಳುವುದು? ನಮ್ಮ ಕಡೆ ಚಟ್ಟದ ಮೇಲೆ ಮಲಗಿದವರೂ ಅದನ್ನೇ ಹೇಳಿಯಾರು. ವಿಮಾ ಕಂಪನಿಯ ವಕೀಲ ಅದನ್ನು ಕಡತದಲ್ಲಿ ಬರೆಸುತ್ತಾನೆ. ನಿನ್ನ ಪರಿಹಾರ ಅರ್ಧಕ್ಕಿಳಿಯುತ್ತದೆ. ಮರುಪರಿಶೀಲನೆಗೆ ಹೋದರೆ ಮೇಲಿನ ಕೋರ್ಟೂ 'ಅರ್ಜಿದಾರಳೇ ಆರಾಮ ಎಂದಿದ್ದಾಳೆ' ಎಂದು ಕೈತೊಳೆದುಕೊಳ್ಳುತ್ತದೆ. ಆ ಒಂದು ಸಾಲಿನಿಂದ ನಮ್ಮದು 'ತಾಳಿಕೊಳ್ಳುವ ಮನೆತನ' ಎಂದು ಮುದ್ರೆ ಬಿತ್ತು. ಕಸ್ತೂರಿಗೆ ಎಲುಬುಕಸಿಯ ಬದಲು ಎರಡು ಊರುಗೋಲು ಮಂಜೂರಾದವು.

ನಿನ್ನ ಮೇಲೆ ಸಿಟ್ಟಿತ್ತು. ಸುಳ್ಳೇಕೆ ಹೇಳಲಿ, ಹಿಡಿಶಾಪ ಹಾಕಿದ್ದೂ ಉಂಟು. ಇವತ್ತು ಬೆಳಿಗ್ಗೆ ನಮ್ಮ ಮರುಪರಿಶೀಲನೆಯ ಕೊನೆಯ ವಿಚಾರಣೆ ಇತ್ತು. ಆರು ತಿಂಗಳಿಂದ ಮಗಳಿಗೆ ಒಂದೇ ಪಾಠ: ಯಾರು ಏನೇ ಕೇಳಲಿ, 'ಭಾಳ ನೋಯ್ತದ್ರಿ' ಅನ್ನು. ನ್ಯಾಯಾಧೀಶೆ ಕನ್ನಡಕ ತೆಗೆದು, ಹೆತ್ತವರಂತೆ, "ಆರಾಮ ಅದೀಯೇನವ್ವಾ?" ಎಂದರು. ಕಸ್ತೂರಿ ಊರುಗೋಲುಗಳ ಮೇಲೆ ನೆಟ್ಟಗಾಗಿ, ನಕ್ಕು, "ಆರಾಮ ಅದೀನ್ರಿ" ಎಂದಳು. ಅರ್ಜಿ ವಜಾ ಆಯಿತು. ಹೊರಗೆ ಬಂದು, "ಹೆಂಗ ಬಾಯಾಗ ಬಂತೋ ಗೊತ್ತಿಲ್ಲ ಯವ್ವಾ" ಎಂದು ಅತ್ತಳು. ಬೈಯಲು ನನಗೆ ಬಾಯಿ ಬರಲಿಲ್ಲ. ನಿನ್ನ ಮೇಲಿನ ಸಿಟ್ಟೂ ಅಲ್ಲೇ ಸತ್ತಿತು.

ಈ ಪತ್ರ ಹಿಂದಂಚೆಯಲ್ಲಿ ಬರುತ್ತಿದೆ. ಕಳೆದ ಕಾಲಕ್ಕೆ ಕಾಗದ ಒಯ್ಯುವ ಅಂಚೆ ಅದು, ಒಂದು ಮನೆತನಕ್ಕೆ ಒಂದೇ ಸಲ. ನೀನು ಇದನ್ನು ಓದಿ ನನ್ನ ಮಾತು ನಡೆಸಿದ್ದರೆ ಕಡತದ ಆ ಸಾಲು ನನ್ನ ಕಾಲದಲ್ಲಿ ಇರಲೇಬಾರದಿತ್ತು. ಈಗಷ್ಟೇ ನೋಡಿ ಬಂದೆ. ಇದೆ.

ಆದರೂ ಕಳಿಸುತ್ತಿದ್ದೇನೆ. ಸೋಮವಾರ ಅವರು ಕೇಳಿದಾಗ, ಮರ್ಯಾದೆ ಹೋದರೆ ಹೋಗಲಿ, 'ಆರಾಮ ಇಲ್ರಿ' ಅನ್ನು. ನಮ್ಮ ಮನೆತನದಲ್ಲಿ ಯಾರಾದರೂ ಒಬ್ಬರು ಮೊದಲು ಹೇಳಬೇಕಲ್ಲ, ಇಗೋ ನಾನೇ ಹೇಳುತ್ತೇನೆ: ನಾವಿಲ್ಲಿ ಆರಾಮ ಇಲ್ಲ, ಅಜ್ಜಿ. ಕಸ್ತೂರಿ ಇನ್ನು ನಡೆಯುವುದಿಲ್ಲ.

ದಾನವ್ವ