ಬೀಗ ಹಾಕಿದವರ ಅರ್ಜಿ

ಗುಬ್ಬಿ
9 ಜೂನ್ 2025, ಸೋಮವಾರ

ಹೈಕೋರ್ಟಿನ ಕಾಗದದಲ್ಲಿ ಹೆಸರು ಬಂದ ನಮ್ಮ ವಂಶದ ಮೊಟ್ಟಮೊದಲ ಮಹಿಳೆ, ಪ್ರೀತಿಯ ದಾದಿಮಾಗೆ ಅಕೀಬನ ಸಲಾಂ.

ಮಂಡಿನೋವು ಹೇಗಿದೆ? ಶುಗರ್ ಮಾತ್ರೆ ನುಂಗ್ತಿದೀಯೋ, ಇಲ್ಲಾ ಕುಣಿಗಲ್ ಸೇರಿದ ಖುಷೀಲಿ ದಿನಾ ಬಾದುಷಾ ತಿಂತಿದೀಯೋ? ನೀನು ಮನೆ ಬಿಟ್ಟು ತಿಂಗಳಾಯ್ತು. ನಿನಗೆ ಉರ್ದು ಓದೋಕೆ ಬರಲ್ಲ, ನನಗೆ ಬರೆಯೋಕೆ ಬರಲ್ಲ. ಹಾಗಾಗಿ ಈ ಗಂಭೀರ ದಾಖಲೆ ಕನ್ನಡದಲ್ಲಿದೆ. ನಿನ್ನ ಗೆಳತಿ ಮಂಜುಳಮ್ಮನ ಕೈಲಿ ಓದಿಸಬೇಡ, ನೀನೇ ಓದು. ನಾಲ್ಕನೇ ಕ್ಲಾಸಿನವರೆಗೂ ಇಬ್ಬರದೂ ಒಂದೇ ಸ್ಕೂಲಲ್ವಾ?

ಸಮಾಚಾರ ಏನಂದ್ರೆ, ನಿನ್ನ ಮಗ, ಅಂದ್ರೆ ನಮ್ಮ ಅಬ್ಬಾ, ಹೇಬಿಯಸ್ ಕಾರ್ಪಸ್ ಅರ್ಜಿ ಹಾಕಿದಾರೆ. ಹೆಸರು ಕೇಳಿ ಯಾವುದೋ ಕಾಯಿಲೆ ಅಂದ್ಕೋಬೇಡ. ಯಾರನ್ನೋ ಕೂಡಿಹಾಕಿದಾರೆ, ಹುಡುಕಿ ತಂದು ಜಡ್ಜ್ ಮುಂದೆ ನಿಲ್ಲಿಸಿ ಅಂತ ಕೇಳೋ ಅರ್ಜಿ. ಮಂಜುಳಮ್ಮ ನಿನ್ನನ್ನ ಪುಸಲಾಯಿಸಿ, ಕುಣಿಗಲ್ಲಿನ ತಮ್ಮ ಮನೆ ಮಹಡಿ ರೂಮಲ್ಲಿ ಅಕ್ರಮ ಬಂಧನದಲ್ಲಿಟ್ಟು, ಸೀರೆಗೆ ಕುಚ್ಚು ಕಟ್ಟಿಸ್ತಿದಾರೆ ಅಂತ ಅದರಲ್ಲಿದೆ. ದಿನಾ ಚಪ್ಪಲಿ ಅಂಗಡಿಗೆ ಹೋಗುವಾಗ ನಿನ್ನ ಒಳಗೆ ಬಿಟ್ಟು ನಮ್ಮನೆ ಗೇಟಿಗೆ ಬೀಗ ಹಾಕ್ತಿದ್ದದ್ದೂ ಮಂಜುಳಮ್ಮನಾ ಅಂತ ನಾನು ಅಬ್ಬಾನ ಬಹಳ ವಿನಯದಿಂದ ಕೇಳಿದೆ. ಅಬ್ಬಾ ಅನ್ನ ಕಲಸಿದ ಕೈ ಹಾಗೇ ಹಿಡ್ಕೊಂಡು, "ಅಮ್ಮಂಗೆ ವಯಸ್ಸಾಯ್ತಲ್ಲೋ, ಬಸ್ಸಲ್ಲಿ ಎಲ್ಲಾದ್ರೂ ಬಿದ್ರೆ ನೋಡೋರ್ಯಾರು?" ಅಂದ್ರು. ಎಷ್ಟು ಮೆಲ್ಲಗೆ ಅಂದ್ರು ಅಂದ್ರೆ, ನನ್ನ ತಮಾಷೆ ನನಗೇ ಸಪ್ಪೆ ಅನ್ಸಿತು.

ಇನ್ನು ನಿನ್ನ ವಯಸ್ಸಿನ ಗಲಾಟೆ. ಆಧಾರಲ್ಲಿ ಎಪ್ಪತ್ತೊಂದು, ವೋಟರ್ ಕಾರ್ಡಲ್ಲಿ ಅರವತ್ನಾಲ್ಕು, ರೇಷನ್ ಕಾರ್ಡ್ ಪ್ರಕಾರ ನೀನು ಅಬ್ಬಾಗಿಂತ ಹನ್ನೊಂದೇ ವರ್ಷ ದೊಡ್ಡವಳು. ಅಬ್ಬಾನ ಲಾಯರ್ ರಂಗನಾಥ್ ತಲೆ ಕೆರ್ಕೊಂಡು ಕೂತಿದ್ರು. ಹದಿನೆಂಟು ದಾಟಿರೋದಕ್ಕೆ ನಾನು ಗ್ಯಾರಂಟಿ ಸಾರ್, ಅಂದೆ. ಅವರು ನಗಲಿಲ್ಲ. "ಅದೇ ಕಣಪ್ಪ ತೊಂದರೆ" ಅಂದ್ರು. ವಯಸ್ಸಿಗೆ ಬಂದವರು ಎಲ್ಲಿರಬೇಕು ಅನ್ನೋದನ್ನ ಜಡ್ಜು ಅವರನ್ನೇ ಕೇಳ್ತಾರಂತೆ. ಅವರು ಹೇಳಿದ್ದೇ ಕೊನೆಯಂತೆ.

ಈ ಗುರುವಾರ ವಿಚಾರಣೆ. ಬೆಂಗಳೂರಿಗೆ ಕರ್ಕೊಂಡು ಹೋಗೋಕೆ ಪೊಲೀಸರು ಬರ್ತಾರೆ. ಹೆದರಬೇಡ, ನೀನೇನೂ ತಪ್ಪು ಮಾಡಿಲ್ಲ. ದಾರಿಗೆ ಮಾತ್ರೆ ಇಟ್ಕೋ.

ಪ್ರತಿವಾದಿ ಮಂಜುಳಮ್ಮನವರಿಗೆ ನನ್ನ ನಮಸ್ಕಾರ. ಪರೀಕ್ಷೆ ಹತ್ರ ಬಂತು, ನಿನ್ನ ದುವಾದಲ್ಲಿ ನನಗೂ ಒಂಚೂರು ಜಾಗ ಇರಲಿ.

ನಿನ್ನ ಮೊಮ್ಮಗ,
ಅಕೀಬ್

ಮರೆತಿದ್ದೆ: ಈ ಕಾಗದ ತರೋ ಅಂಜನ್‌ಕುಮಾರ್ ಬೈಕ್ ಸ್ಟಾರ್ಟ್ ಮಾಡಿಯಾಗಿದೆ, ಅವಸರದಲ್ಲಿ ಗೀಚ್ತಿದೀನಿ. ಗುರುವಾರ ಕೋರ್ಟಲ್ಲಿ ನನ್ನನ್ನ ನಿನ್ನ ಕಣ್ಣಿಗೆ ಬೀಳೋ ಹಾಗೆ ಕೂರಿಸ್ತಾರೆ. ನನ್ನ ಮುಖ ನೋಡಿದ್ರೆ ನೀನು ಕರಗಿ ಮನೆಗೆ ಬರ್ತೀನಿ ಅಂತೀಯ ಅನ್ನೋದು ಅಬ್ಬಾನ ಲೆಕ್ಕಾಚಾರ. ನಾನು ಹೂಂ ಅಂದಿದೀನಿ, ಕೂತ್ಕೋತೀನಿ. ಆದ್ರೆ ಜಡ್ಜು ಕೇಳಿದಾಗ ನನ್ನ ಕಡೆ ನೋಡಬೇಡ ದಾದಿಮಾ. ಎಲ್ಲಿರಬೇಕು ಅಂತ ನಿನಗೆ ಅನ್ಸುತ್ತೋ ಅದನ್ನೇ ಹೇಳು. ಭಾನುವಾರ ಭಾನುವಾರ ನಾನೇ ಬರ್ತೀನಿ.